ಮುರಿದ ಕಾಲಿನ ಲೆಕ್ಕ ರಸ್ತೆಬದಿಯಲ್ಲಿ ಮುಗಿಯುವುದಿಲ್ಲ

ಆಕ್ಸಿಡೆಂಟ್ ಆಗಿ ಗಾಯಾಳುವನ್ನು ಆಸ್ಪತ್ರೆಗೆ ಸೇರಿಸಿದ ಮೇಲೆ ನಮ್ಮಲ್ಲಿ ಮೊದಲು ನಡೆಯುವುದು ಪಂಚಾತಿಕೆ. ಎರಡೂ ಕಡೆಯ ನಾಲ್ಕು ಮಂದಿ ಸೇರುತ್ತಾರೆ. 'ಕೇಸುಗೀಸು ಬೇಡ ಮಾರಾಯ್ರೆ, ಖರ್ಚಿಗೆ ಇಪ್ಪತ್ತು ಸಾವಿರ ಕೊಡಿಸುವ, ಇಲ್ಲಿಗೇ ಮುಗಿಸುವ' ಎನ್ನುತ್ತಾರೆ. ನಾವು ತಲೆಯಾಡಿಸುತ್ತೇವೆ. ವರ್ಷ ಕಳೆದು ಕಾಲಿನ ರಾಡ್ ತೆಗೆಸಲು ಮತ್ತೆ ಆಪರೇಷನ್ ಅಂದಾಗ ಪಂಚಾತಿಕೆ ಮಾಡಿದವರು ಯಾರೂ ಎದುರಿಗೆ ಇರುವುದಿಲ್ಲ.

ಹೀಗೆ ಬಿಟ್ಟುಕೊಡಲು ನಾವು ಹೇಳುವ ಕಾರಣ ಎರಡು. 'ಆ ಡ್ರೈವರನೂ ಬಡವ, ಅವನ ಹೊಟ್ಟೆಗೆ ಯಾಕೆ ಹೊಡೆಯುವುದು' ಎಂಬುದು ಒಂದು. 'ಅಲ್ಲಾಹನ ವಿಧಿ, ಸಬೂರ್ ಮಾಡುವ' ಎಂಬುದು ಇನ್ನೊಂದು. ಕರುಣೆಯೂ ಸಬೂರೂ ದೊಡ್ಡ ಗುಣಗಳೇ. ಆದರೆ ವಾಹನಕ್ಕೆ ಥರ್ಡ್ ಪಾರ್ಟಿ ವಿಮೆ ಕಡ್ಡಾಯ ಮಾಡಿರುವುದು ಇದಕ್ಕಾಗಿಯೇ. ದಾಖಲೆ ಸರಿ ಇದ್ದರೆ ಹಣ ಕೊಡುವುದು ಕಂಪೆನಿ, ಡ್ರೈವರನ ಕಿಸೆಯಲ್ಲ. ಇನ್ನು ಕ್ಷಮಿಸುವ ಹಕ್ಕು ಇರುವುದು ಗಾಯಗೊಂಡವನಿಗೆ. ಅವನು ಐಸಿಯುನಲ್ಲಿ ಮಲಗಿರುವಾಗ ಅವನ ಪರವಾಗಿ ನಾಲ್ಕು ಮಂದಿ ಹೊರಗೆ ನಿಂತು ಕ್ಷಮಿಸಿಬಿಡುವುದು ಯಾವ ನ್ಯಾಯ?

ಕಳೆದುಕೊಳ್ಳುವುದು ಎಷ್ಟು ಎಂಬುದನ್ನೂ ನೋಡುವ. 28 ವರ್ಷದ ಆಟೋ ಚಾಲಕನ ದುಡಿಮೆ ತಿಂಗಳಿಗೆ 15 ಸಾವಿರ ಎಂದಿಟ್ಟುಕೊಳ್ಳಿ. ಕಾಲಿನ ಗಾಯದಿಂದ ಅವನ ದುಡಿಯುವ ಶಕ್ತಿ ಶೇ. 40ರಷ್ಟು ಹೋಯಿತು ಎಂದು ಕ್ಲೇಮ್ಸ್ ಟ್ರಿಬ್ಯೂನಲ್ ಒಪ್ಪಿದರೆ, ಆ ವಯಸ್ಸಿಗೆ ಸುಪ್ರೀಂ ಕೋರ್ಟ್ 2009ರಲ್ಲಿ ನಿಗದಿಪಡಿಸಿದ 17ರ ಗುಣಕ ಹಾಕಿದಾಗ ಮುಂದಿನ ಆದಾಯ ನಷ್ಟವೊಂದೇ 12,24,000 ರೂಪಾಯಿ. ಆಸ್ಪತ್ರೆ ಬಿಲ್ಲು, ಮಲಗಿದ್ದ ತಿಂಗಳುಗಳ ಸಂಬಳ, ಅನುಭವಿಸಿದ ನೋವು, ಮುಂದಿನ ಚಿಕಿತ್ಸೆ ಎಲ್ಲ ಬೇರೆ. ಗಾಯದ ಶೇಕಡಾವಾರು ಒಂದು, ದುಡಿಮೆಗೆ ಬಿದ್ದ ಪೆಟ್ಟು ಇನ್ನೊಂದು ಎಂದು 2011ರಲ್ಲಿ ಅದೇ ಕೋರ್ಟ್ ಬಿಡಿಸಿ ಹೇಳಿದೆ. ಎಡಗೈ ಕಳಕೊಂಡ ಬಡಗಿಗೆ ಬದುಕೇ ಹೋದಂತೆ. ಅದೇ ಗಾಯವಾದ ಸರಕಾರಿ ಗುಮಾಸ್ತನ ನೌಕರಿ ಉಳಿಯಬಹುದು.

ನಮ್ಮ ಹೆಂಗಸರ ವಿಷಯದಲ್ಲಿ 'ಮನೆಯಲ್ಲಿ ಇರುವವಳು, ಅವಳಿಗೆಂಥ ನಷ್ಟ' ಎನ್ನುವ ಮಾತುಂಟು. ಅದು ತಪ್ಪು. ಮನೆಕೆಲಸಕ್ಕೂ ಆದಾಯದ ಲೆಕ್ಕ ಕಟ್ಟಬೇಕು ಎಂದು ಸುಪ್ರೀಂ ಕೋರ್ಟ್ 2021ರಲ್ಲಿ ಮತ್ತೆ ಹೇಳಿದೆ. ಬೀಡಿ ಕಟ್ಟುವ ಉಮ್ಮನ ಕೈಬೆರಳು ಮುರಿದರೆ ಅದು ದುಡಿಮೆಯ ನಷ್ಟವೇ. ಬೀಡಿ ಪಾಸ್ ಪುಸ್ತಕ ಜೋಪಾನ ಮಾಡಿ. ಗಲ್ಫಿನಿಂದ ರಜೆಗೆ ಬಂದ ಮಗನಿಗೆ ಪೆಟ್ಟಾದರೆ ಅಲ್ಲಿನ ಸಂಬಳದ ಪತ್ರ, ಬ್ಯಾಂಕ್ ಸ್ಟೇಟ್‌ಮೆಂಟ್ ತರಿಸಿಡಿ.

ಹಕ್ಕು ಕೈತಪ್ಪುವುದು ಹೆಚ್ಚಾಗಿ ಮೊದಲ ದಿನವೇ. ಪೊಲೀಸ್ ಕೇಸಿಗೆ ಹೆದರಿ ಆಸ್ಪತ್ರೆಯಲ್ಲಿ 'ಬೈಕಿನಿಂದ ತಾನೇ ಬಿದ್ದದ್ದು' ಎಂದು ಬರೆಸುವವರುಂಟು. ಮುಂದೆ ವಿಮಾ ಕಂಪೆನಿಯ ವಕೀಲರು ಮೊದಲು ಎತ್ತಿ ತೋರಿಸುವುದು ಅದೇ ಸಾಲನ್ನು. ನಡೆದದ್ದನ್ನು ನಡೆದಂತೆ ಬರೆಸಿ, ದೂರು ಕೊಡಿ, ಬಿಲ್ಲು-ಎಕ್ಸ್‌ರೇ ಒಂದನ್ನೂ ಬಿಸಾಡಬೇಡಿ. 2022ರ ಏಪ್ರಿಲ್ 1ರಿಂದ ಕಾನೂನು ಅರ್ಜಿಗೆ ಆರು ತಿಂಗಳ ಅವಧಿ ಹೇಳುತ್ತದೆ. ಆ ಮಿತಿಯ ಬಗ್ಗೆ ಕೋರ್ಟುಗಳಲ್ಲಿ ವಾದ ನಡೆದಿದೆ, ಆದರೆ ಅದನ್ನು ನಂಬಿ ಕೂರುವುದು ಬೇಡ. ಅಪಘಾತ ಹಾಸನದ ಹತ್ತಿರ ಆಗಿದ್ದರೂ ನೀವಿರುವ ಜಿಲ್ಲೆಯಲ್ಲೇ ಅರ್ಜಿ ಹಾಕಬಹುದು. ಗುದ್ದಿದ ವಾಹನ ಸಿಗದೆ ಹೋದರೆ ಗಂಭೀರ ಗಾಯಕ್ಕೆ 50 ಸಾವಿರ ರೂಪಾಯಿಯ ಸರಕಾರಿ ಯೋಜನೆಯುಂಟು. 2025ರಿಂದ ಮೊದಲ ಏಳು ದಿನ ಒಂದೂವರೆ ಲಕ್ಷದವರೆಗೆ ನಗದುರಹಿತ ಚಿಕಿತ್ಸೆಯ ಯೋಜನೆಯೂ ಇದೆ.

ಹಾಗೆಂದು ಸುಳ್ಳು ಕೇಸು ಬೇಡ. ಮರದಿಂದ ಬಿದ್ದವನನ್ನು ಕಾರು ಗುದ್ದಿದ್ದು ಎಂದು ತೋರಿಸುವುದು ಕಳವು. ಅದರಿಂದ ನಿಜವಾದ ಗಾಯಾಳುವಿನ ಮೇಲೂ ಸಂಶಯ ಬೀಳುತ್ತದೆ. ಮಂಚದ ಬಳಿಗೇ ಕಾಗದ ಹಿಡಿದು ಬರುವ ಏಜೆಂಟರಿಗೆ ಸಹಿ ಹಾಕಬೇಡಿ. ಬಂದ ಪರಿಹಾರದಲ್ಲಿ ಇಷ್ಟು ಪಾಲು ಎಂದು ವಕೀಲರು ಕರಾರು ಮಾಡಿಕೊಳ್ಳುವುದು ಬಾರ್ ಕೌನ್ಸಿಲ್ ನಿಯಮಕ್ಕೇ ವಿರುದ್ಧ. ಹೆಂಗಸರಿಗೆ, ಮಕ್ಕಳಿಗೆ ಆದಾಯ ಎಷ್ಟೇ ಇರಲಿ, ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದಲ್ಲಿ ಉಚಿತ ವಕೀಲರು ಸಿಗುತ್ತಾರೆ.

ನಮ್ಮ ಅಂಗಳದಲ್ಲಿ ನಿಂತಿರುವ ಸ್ಕೂಟರ್, ಪಿಕಪ್‌ನ ವಿಮೆ ಮುಗಿದಿದೆಯೋ ಎಂದೂ ಇವತ್ತೇ ನೋಡುವ. ನಮ್ಮ ಗಾಡಿ ಇನ್ನೊಬ್ಬರ ಮಗನಿಗೆ ತಾಗಿದ ದಿನ ವಿಮೆ ಇಲ್ಲದಿದ್ದರೆ ಆ ಲಕ್ಷಗಳನ್ನು ನಾವೇ ತೆರಬೇಕು. ಇನ್ನೊಬ್ಬರಿಂದ ಕೇಳುವ ನ್ಯಾಯವನ್ನು ನಾವೂ ಕೊಡಲು ತಯಾರಿರಬೇಕು.

ಪ್ರತಿ ಜಮಾಅತಿನಲ್ಲೂ ಇಂಥ ಕಾಗದಪತ್ರ ತಿಳಿದ ಇಬ್ಬರು ಯುವಕರಿರಲಿ. ಚಿಕಿತ್ಸೆಗೆ ಹಣ ಒಟ್ಟು ಮಾಡಲು ಓಡಾಡುವ ನಮ್ಮ ಹುಡುಗರು ಜೊತೆಗೇ ಠಾಣೆಗೂ ಕೋರ್ಟಿಗೂ ದಾರಿ ತೋರಿಸಲಿ. ಊರವರ ಸಹಾಯ ಕೆಲವು ದಿನಕ್ಕೆ ಸಾಕು. ಆಮೇಲಿನ ವರ್ಷಗಳನ್ನು ದಾಟಿಸುವುದು ಹಕ್ಕಿನ ಪರಿಹಾರವೇ.