ಕ್ಯಾಮೆರಾ ಯಾರ ಕೈಯಾಗೈತಿ?

ನಾಲತವಾಡದ ಸುತ್ತಿನ ಹೊಲಗಳಲ್ಲಿ ಹತ್ತಿ ಬಿಡಿಸುವ, ತೊಗರಿ ಕೊಯ್ಯುವ ಆಳುಗಳಲ್ಲಿ ಸಾಬರ ಹೆಣ್ಣುಮಕ್ಕಳೂ ಇದ್ದಾರೆ. ತಲೆಯ ಮೇಲೆ ಸೆರಗು, ಸೊಂಟಕ್ಕೆ ಉಡಿ, ಕೈಯಲ್ಲಿ ಕುಡುಗೋಲು. ದೂರದಿಂದ ನೋಡಿದರೆ ಇವರಲ್ಲಿ ಹೊಲೆಯರ ಹುಡುಗಿ ಯಾರು, ಪಿಂಜಾರರ ಹುಡುಗಿ ಯಾರು ಅಂತ ಹೇಳಾಕ ಆಗಂಗಿಲ್ಲ. ಈ ಹೆಣ್ಣಿನ ಫೋಟೋ ಯಾವ ಪತ್ರಿಕೆಯಲ್ಲಿ ನೋಡೀರಿ? ಪತ್ರಿಕೆಯವರ ಹತ್ತಿರ ಮುಸ್ಲಿಂ ಹೆಂಗಸಿನದು ಒಂದೇ ಚಿತ್ರ: ಕಪ್ಪು ಬುರ್ಖಾ, ಎರಡು ಕಣ್ಣು. ತಲಾಖ್ ಸುದ್ದಿಗೂ ಅದೇ, ಮತದಾನದ ಸುದ್ದಿಗೂ ಅದೇ, ರಂಜಾನಿನ ಸುದ್ದಿಗೂ ಅದೇ. ಹೆಸರಿಲ್ಲ, ಊರಿಲ್ಲ, ಕಸುಬಿಲ್ಲ.

2022ರ ಫೆಬ್ರವರಿಯಲ್ಲಿ ಈ ಒಂದೇ ಚಿತ್ರದ ಬೇಟೆಗೆ ಕ್ಯಾಮೆರಾಗಳು ಶಾಲೆಯ ಗೇಟಿಗೆ ಬಂದವು. ಉಡುಪಿಯಲ್ಲಿ ಶುರುವಾದದ್ದು ರಾಜ್ಯಕ್ಕೆಲ್ಲ ಹಬ್ಬಿತು. ಮಾಸ್ತರಿಣಿಯರು ಗೇಟಿನ ಮುಂದೆ ಬುರ್ಖಾ ಬಿಚ್ಚುವುದನ್ನು ಕೂಡ ತೆಗೆದು ಟಿವಿಯಲ್ಲಿ ತೋರಿಸಿದರು. ಮಾರ್ಚ್ 15ರಂದು ಹೈಕೋರ್ಟ್ ಸರಕಾರದ ಆದೇಶ ಎತ್ತಿಹಿಡಿಯಿತು. ಅಕ್ಟೋಬರ್ 13ರಂದು ಸುಪ್ರೀಂ ಕೋರ್ಟಿನ ಇಬ್ಬರು ನ್ಯಾಯಮೂರ್ತಿಗಳು ಎರಡು ದಿಕ್ಕಿನ ತೀರ್ಪು ಕೊಟ್ಟರು. ಕೋರ್ಟಿನ ಮಾತು ಬಿಡ್ರಿ. ಓದಾಕ ಹೊಂಟ ಹುಡುಗಿಯ ಮುಖಕ್ಕೆ ಕ್ಯಾಮೆರಾ ಹಿಡಿದವನಿಗೆ ಅವಳ ಅಪ್ಪಣೆ ಬೇಕು ಅಂತ ಯಾವ ಸಂಪಾದಕ ಹೇಳಿದ?

ಅದಕ್ಕೂ ಮೊದಲು, 2021ರ ಜುಲೈನಲ್ಲಿ ‘ಸುಲ್ಲಿ ಡೀಲ್ಸ್’, 2022ರ ಜನವರಿ ಒಂದರಂದು ‘ಬುಲ್ಲಿ ಬಾಯಿ’. ಪತ್ರಕರ್ತೆಯರು, ಹೋರಾಟಗಾರ್ತಿಯರು, ಮುಸ್ಲಿಂ ಹೆಣ್ಣುಮಕ್ಕಳು ತಾವೇ ಹಾಕಿಕೊಂಡಿದ್ದ ಫೋಟೋ ಕದ್ದು ‘ಹರಾಜಿಗೆ’ ಇಟ್ಟರು. ಮುಸುಕು ಹಾಕಿದರೆ ಗುಲಾಮಳು, ಮುಖ ತೋರಿಸಿದರೆ ಸಂತೆಯ ಮಾಲು. ಹಂಗಾದರ ಆಕಿ ಎಲ್ಲಿ ನಿಲ್ಲಬೇಕು?

ಇದು ಹೊಸ ರೋಗವಲ್ಲ. 1960ರಲ್ಲಿ ಆಲ್ಜೀರಿಯಾದ ಹಳ್ಳಿಗಳಲ್ಲಿ ಫ್ರೆಂಚ್ ಸೈನ್ಯ ಗುರುತಿನ ಚೀಟಿ ಮಾಡಿಸಿತು. ಮಾರ್ಕ್ ಗರಾಂಜೆ ಎಂಬ ಸಿಪಾಯಿ ಫೋಟೋಗ್ರಾಫರ್ ಹತ್ತು ದಿನದಲ್ಲಿ ಸುಮಾರು 2,000 ಹೆಂಗಸರ ಫೋಟೋ ತೆಗೆದ, ಮುಸುಕು ತೆಗೆಸಿ. ಆ ಫೋಟೋಗಳಲ್ಲಿ ಹೆಂಗಸರು ಕ್ಯಾಮೆರಾವನ್ನು ನುಂಗುವಂತೆ ನೋಡುತ್ತಾರೆ. ಬಾಯಿ ಮುಚ್ಚಿದೆ, ಕಣ್ಣು ಬೈಯುತ್ತಿದೆ. ನಮ್ಮ ವಿಜಾಪುರ ಸೀಮೆಯ ಚಪ್ಪರಬಂದರಿಗೂ ಸರಕಾರ ಹಚ್ಚಿದ ಹಣೆಪಟ್ಟಿ ಗೊತ್ತು. ಬ್ರಿಟಿಷರು ಅವರನ್ನು ಅಪರಾಧಿ ಬುಡಕಟ್ಟಿನ ಪಟ್ಟಿಗೆ ಸೇರಿಸಿದ್ದರು. ಆ ಕಾನೂನು ಹೋಗಲು 1952 ಬರಬೇಕಾಯಿತು. ಗುರುತು ಬರೆಯುವವನು ಒಬ್ಬ, ಹೊರುವವರು ಇನ್ನೊಬ್ಬರು.

ಇನ್ನು ಮೌಲ್ವಿಸಾಹೇಬರ ಮಾತು. ಚಿತ್ರವಿದ್ದ ಮನೆಗೆ ಫರಿಶ್ತೆಗಳು ಬರುವುದಿಲ್ಲ ಎನ್ನುತ್ತಾರೆ. ಆದರೆ ಹಜ್ಜಿಗೆ ಹೋಗುವ ಪಾಸ್‌ಪೋರ್ಟಿನ ಫೋಟೋ ನಡೀತೈತಿ, ಚುನಾವಣೆಯ ಬ್ಯಾನರಿನಲ್ಲಿ ಜಮಾತಿನ ಹಿರಿಯರ ಫೋಟೋನೂ ನಡೀತೈತಿ. ಮಗಳು ಮೊಬೈಲಿನಲ್ಲಿ ತನ್ನ ಮುಖ ತಾನು ತೆಗೆದುಕೊಂಡರೆ ಮಾತ್ರ ಹರಾಮು! ಇವರದೂ ಕೇಸರಿ ಶಾಲಿನವರದೂ ಜಗಳ ಬೇರೆ ಇರಬಹುದು, ಹೆಣ್ಣಿನ ಮುಖ ತಮ್ಮ ಆಸ್ತಿ ಅನ್ನೋದರಾಗ ಇಬ್ಬರದೂ ಒಂದೇ ಕಾಗದಪತ್ರ.

ಹಾಗಾದರೆ ಈ ಮುಖವನ್ನು ತಾವೇ ಹಿಡಿದ ಹೆಣ್ಣುಮಕ್ಕಳು ಇಲ್ಲವೇ? ಇದ್ದಾರೆ. ಇರಾನಿನ ಶಾದಿ ಗದಿರಿಯಾನ್ 2000-01ರಲ್ಲಿ ಒಂದು ಮಾಲೆ ತೆಗೆದಳು. ಹೂವಿನ ಚಾದರ ಹೊದ್ದ ಹೆಂಗಸು, ಮುಖವಿರಬೇಕಾದ ಜಾಗದಲ್ಲಿ ಇಸ್ತ್ರಿ ಪೆಟ್ಟಿಗೆ, ಇನ್ನೊಂದರಲ್ಲಿ ಕಸಬರಿಗೆ. ಚಾದರದ ಮೇಲೆ ತಕರಾರು ಮಾಡುವವರಿಗೆ ಆ ಕಸಬರಿಗೆ ಕಾಣುವುದಿಲ್ಲ. ಅದು ಅವರ ಮನ್ಯಾಗೂ ಐತಲ್ಲ!

ನಮ್ಮ ಬೆಂಗಳೂರಿನಲ್ಲೇ 1952ರಲ್ಲಿ ಹುಟ್ಟಿದ ರುಮ್ಮಾನಾ ಹುಸೇನ್ ಹೆಸರು ನಮ್ಮ ಎಷ್ಟು ಕಾರ್ಯಕರ್ತರಿಗೆ ಗೊತ್ತು? ಕುಂಚ ಹಿಡಿದಿದ್ದ ಈಕೆ 1992ರ ಡಿಸೆಂಬರ್ 6ರ ನಂತರ ದಾರಿ ಬದಲಿಸಿದಳು. ಮಸೀದಿ ಬಿದ್ದ ಮೇಲೆ, ಮುಂಬಯಿ ಉರಿದ ಮೇಲೆ, ಅವಳ ಹೆಸರೇ ಅವಳ ಗುರುತಾಯಿತು. 1995ರಲ್ಲಿ ಕಾಲಿಗೆ ಗೆಜ್ಜೆ ಕಟ್ಟಿ, ಹೆಚ್ಚಿದ ಪಪ್ಪಾಯಿ ಹಿಡಿದು, ಸದ್ದಿಲ್ಲದೆ ಬಾಯಿ ತೆರೆದು ಜನರ ನಡುವೆ ನಡೆದಳು. 1996ರ ‘ಹೋಮ್/ನೇಷನ್’ನಲ್ಲಿ ಅದೇ ತೆರೆದ ಬಾಯಿಯ ಫೋಟೋ, ಪಕ್ಕದಲ್ಲಿ ಕಮಾನಿನ ಬಾಗಿಲುಗಳ ಫೋಟೋ, ಹೆಚ್ಚಿದ ಹಣ್ಣಿನ ಫೋಟೋ. ಬಾಯಿಯೂ ಕಮಾನು, ಗರ್ಭವೂ ಕಮಾನು, ಒಡೆದ ಮಸೀದಿಯ ಬಾಗಿಲೂ ಕಮಾನು. 1998ರ ಪ್ರದರ್ಶನದಲ್ಲಿ, ಕ್ಯಾನ್ಸರ್ ಕೊಯ್ದ ತನ್ನ ಮೈಯನ್ನೇ ಮುಂದಿಟ್ಟು, ಮುಸ್ಲಿಂ ಹೆಣ್ಣೆಂದರೆ ನೀವು ಅಂದುಕೊಂಡದ್ದೇ ಏನು ಎಂದು ಪ್ರಶ್ನೆಯ ಮೇಲೆ ಪ್ರಶ್ನೆ ಓದಿದಳು. ಒಂದಕ್ಕೂ ತಾನೇ ಉತ್ತರ ಹೇಳಲಿಲ್ಲ. 1999ರಲ್ಲಿ ತೀರಿಕೊಂಡಳು.

ರುಮ್ಮಾನಾ ದೊಡ್ಡ ಮನೆತನದ ಮಗಳು, ನಿಜ. ಅವಳ ಚಿತ್ರ ಇರುವುದು ಹವಾನಿಯಂತ್ರಿತ ಗ್ಯಾಲರಿಗಳಲ್ಲಿ. ಅಲ್ಲಿ ವೈನ್ ಹಿಡಿದು ನಿಂತವರು ‘ಐಡೆಂಟಿಟಿ’ ಎಂಬ ಮಾತನ್ನು ಅಡಿಕೆಯ ಹಾಗೆ ಜಗಿಯುತ್ತಾರೆ. ನಾಲತವಾಡದ ಗಾದಿ ಹೊಲಿಯುವ ನದಾಫರ ಹೆಣ್ಣು ಅವರ ಐಡೆಂಟಿಟಿಯೊಳಗೆ ಇಲ್ಲ. ಆದರೆ ಆ ಕಲೆ ಅವರದೇ ಇರಲಿ ಎಂದು ಬಿಟ್ಟುಕೊಡುವುದು ಯಾವ ಬಂಡಾಯ?

ಗೆಳೆಯರು ಕೇಳುತ್ತಾರೆ: ಹೊಟ್ಟೆಗಿಲ್ಲದವರಿಗೆ ಫೋಟೋ ಯಾಕ್ರಿ? ಕೋಟು ಹಾಕಿದ ಬಾಬಾಸಾಹೇಬರ ಫೋಟೋ ಕೇರಿಯ ಗುಡಿಸಲಿನಲ್ಲಿ ತೂಗಿದ ದಿನ ಗೌಡರ ಕಣ್ಣು ಯಾಕೆ ಕೆಂಪಾದವು? ಆ ಪಟ ಹರಿದು ಹಾಕಿದ ಕಾರಣಕ್ಕೆ ಎಷ್ಟು ಊರಲ್ಲಿ ರಕ್ತ ಬಿತ್ತು? ಪಟದ ಬೆಲೆ ನಮಗಿಂತ ಚೆನ್ನಾಗಿ ಯಾರಿಗೂ ಗೊತ್ತಿಲ್ಲ. ಇದೇ ಗೆಳೆಯರು ಹಿಜಾಬಿನ ಗದ್ದಲದಲ್ಲಿ ಆ ಹುಡುಗಿಯರಿಗೆ ಹೇಳಿದ್ದೇನು? ಮೊದಲು ಮುಸುಕು ತೆಗೆ, ಆಮೇಲೆ ಜೊತೆಗೆ ಬಾ! ಷರತ್ತು ಹಾಕಿ ಮಾಡುವ ಸ್ನೇಹ ಮೇಲ್ಜಾತಿಯವರು ನಮಗೆ ಕಲಿಸಿದ ಪಾಠ.

ಬರಹದಲ್ಲಿ ದಾರಿ ಬಿದ್ದಿದೆ. ಸಾರಾ ಅಬೂಬಕ್ಕರ್ 1981ರಲ್ಲಿ ಲಂಕೇಶ್ ಪತ್ರಿಕೆಯಲ್ಲಿ ‘ಚಂದ್ರಗಿರಿಯ ತೀರದಲ್ಲಿ’ ಬರೆದರು. 1985ರಲ್ಲಿ ಪುತ್ತೂರಿನಲ್ಲಿ ಅವರ ಮೇಲೆ ಏರಿಬಂದವರು ಅವರದೇ ಸಮುದಾಯದ ಗಂಡಸರು. ಬಾನು ಮುಷ್ತಾಕ್ ಹೆಂಗಸರಿಗೂ ಮಸೀದಿಯ ಬಾಗಿಲು ತೆರೆಯಿರಿ ಅಂದದ್ದಕ್ಕೆ 2000ದಲ್ಲಿ ಬಹಿಷ್ಕಾರ ಉಂಡರು. 2025ರಲ್ಲಿ ಅಂತಾರಾಷ್ಟ್ರೀಯ ಬೂಕರ್ ತಂದರು. ಅದೇ ವರ್ಷ ಅವರು ದಸರಾ ಉದ್ಘಾಟಿಸಬಾರದೆಂದು ಕೂಗಿದವರು ಇನ್ನೊಂದು ಕಡೆಯವರು. ಬಂಡಾಯ ಸಾಹಿತ್ಯಕ್ಕೆ ಇಂಥ ಹೆಣ್ಣುಮಕ್ಕಳಿದ್ದಾರೆ. ಚಿತ್ರದ ಹೊಲ ಇನ್ನೂ ಬೀಳು ಬಿದ್ದಿದೆ.

ಮಾಸ್ತರರೇ, ನಿಮ್ಮ ಶಾಲೆಯ ಹುಡುಗಿಯರಲ್ಲಿ ಮೊಬೈಲು ಮುಟ್ಟದವರು ಕಡಿಮೆ. ಅವ್ವನ ಕೈ, ಮನೆಯ ಒಲೆ, ಹೊಲದ ಬದು, ಮೊಹರಮಿನ ಡೋಲಿಯ ಮುಂದೆ ನಿಂತ ಎಲ್ಲ ಜಾತಿಯ ಜನ: ತಮಗೆ ಬೇಕಾದ್ದು ತೆಗೆಯಲಿ. ಮುಖ ಇರಬೇಕೋ ಬೇಡವೋ ಅವರೇ ಠರಾಯಿಸಲಿ. ಮುಸುಕು ಹಾಕಿ ನಿಂತರೂ ಸೈ, ಬಿಟ್ಟು ನಿಂತರೂ ಸೈ. ಫೋಟೋದ ಕೆಳಗೆ ಹೆಸರು ಬರೆಯುವ ಹಕ್ಕೂ ಬರೆಯದಿರುವ ಹಕ್ಕೂ ಅವರದು. ಸಂತೆಯ ದಿನ ಎರಡು ಕಂಬಕ್ಕೆ ಹಗ್ಗ ಕಟ್ಟಿ ನೇತುಹಾಕಿರಿ. ಮೌಲ್ವಿಸಾಹೇಬರೂ ಬರಲಿ, ಶಾಲಿನವರೂ ಬರಲಿ, ನಮ್ಮ ಗೆಳೆಯರೂ ಬರಲಿ. ನೋಡುವ ಸರದಿ ಅವರದು. ತೋರಿಸುವ ಸರದಿ ಈ ಹುಡುಗಿಯರದು.