ಟೀವಿ ಸೌಂಡ್ ಏರಿಸಬೇಡಿ, ಬಂದು ಸಿನಿಮಾ ನೋಡಿ!

ನಮ್ಮ ಬೀದಿಯ ಅಕ್ಕತಂಗಿಯರೇ, ಅಣ್ಣತಮ್ಮಂದಿರೇ,

ರಾತ್ರಿ ಪಕ್ಕದ ಮನೆಯಲ್ಲಿ ಪಾತ್ರೆ ಬೀಳುತ್ತದೆ. ಮಗು ಕಿರುಚುತ್ತದೆ. ಆಮೇಲೆ ಆಕೆಯ ದನಿ, ಆಮೇಲೆ ಅದೂ ಇಲ್ಲ. ನಾವು ರಿಮೋಟ್ ಹುಡುಕಿ ಟೀವಿ ಸೌಂಡ್ ಏರಿಸುತ್ತೇವೆ. ಬೆಳಿಗ್ಗೆ ನಲ್ಲಿಯ ಹತ್ತಿರ ಆಕೆ ತೋಳು ಮುಚ್ಚುವಂತೆ ಸೆರಗು ಹೊದ್ದು ನಿಂತಿರುತ್ತಾಳೆ. “ಬಚ್ಚಲಲ್ಲಿ ಜಾರಿ ಬಿದ್ದೆ ಕಣಕ್ಕಾ” ಎನ್ನುತ್ತಾಳೆ. “ಹುಷಾರಮ್ಮ” ಎಂದು ಕೊಡ ಎತ್ತಿಕೊಂಡು ಬಂದುಬಿಡುತ್ತೇವೆ.

“ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ” ಎಂಬ ಗಾದೆಯ ಮರೆಯಲ್ಲಿ ಇನ್ನೆಷ್ಟು ದಿನ ಅಡಗಿರೋಣ? ಕರ್ನಾಟಕದಲ್ಲಿ ಮದುವೆಯಾದ, 18ರಿಂದ 49 ವರ್ಷದ ಹೆಣ್ಣುಮಕ್ಕಳಲ್ಲಿ ನೂರಕ್ಕೆ 44 ಮಂದಿ ಗಂಡನಿಂದ ಹಿಂಸೆ ಅನುಭವಿಸಿದ್ದಾರೆ. ಹೀಗೆಂದು ಹೇಳಿರುವುದು 2019–21ರ ರಾಷ್ಟ್ರೀಯ ಕುಟುಂಬ ಆರೋಗ್ಯ ಸಮೀಕ್ಷೆ.

ಈ ಮೌನವನ್ನು ಕ್ಯಾಮೆರಾ ಮುರಿದಿದೆ. ನಮ್ಮ ನಿಪ್ಪಾಣಿಯ ತಂಬಾಕು ಕಾರ್ಮಿಕ ಹೆಣ್ಣುಮಕ್ಕಳ ಹೋರಾಟವನ್ನು ಚಿತ್ರೀಕರಿಸಿದ ದೀಪಾ ಧನರಾಜ್ ಮತ್ತು ಸಂಗಾತಿಗಳ ‘ಯುಗಾಂತರ್’ ತಂಡ, 1983ರಲ್ಲಿ ಹೈದರಾಬಾದಿನ ಸ್ತ್ರೀ ಶಕ್ತಿ ಸಂಘಟನೆಯ ಜೊತೆ ‘ಇದಿ ಕಥಾ ಮಾತ್ರಮೇನಾ’ ಎಂಬ ತೆಲುಗು ಕಿರುಚಿತ್ರ ಮಾಡಿತು. ‘ಇದು ಬರೀ ಕಥೆಯೇ?’ ಎಂದು ಅದರರ್ಥ. ಹೆಂಗಸರು ಕೂತು ಹಂಚಿಕೊಂಡ ಅನುಭವಗಳೇ ಅದರ ಬೇರು. ಅಮೆರಿಕದ ಕ್ಯಾಲಿಫೋರ್ನಿಯಾದಲ್ಲಿ, ಹಿಂಸೆ ಕೊಟ್ಟವನನ್ನು ಕೊಂದು ಜೈಲು ಸೇರಿದ ಹೆಂಗಸರ ಮಾತನ್ನು ಒಲಿವಿಯಾ ಕ್ಲಾಸ್ ‘ಸಿನ್ ಬೈ ಸೈಲೆನ್ಸ್’ (2009) ಸಾಕ್ಷ್ಯಚಿತ್ರದಲ್ಲಿ ಕೇಳಿಸಿದರು. 2012ರಲ್ಲಿ ಆ ಚಿತ್ರದ ಹೆಸರಲ್ಲೇ ಎರಡು ಮಸೂದೆಗಳು ಕಾನೂನಾದವು. ಕೋರ್ಟಿನಲ್ಲಿ ಪೂರ್ತಿ ಹೇಳಲಾಗದೆ ಹೋದ ಹಿಂಸೆಯನ್ನು ಹೇಳಲು ಆ ಕೈದಿಗಳಿಗೆ ಮತ್ತೆ ಅವಕಾಶ ಸಿಕ್ಕಿತು.

ಬನ್ನಿ! ಇಂಥ ಚಿತ್ರ ನೋಡಿ ಮಾತಾಡಲು ಈ ಭಾನುವಾರ ಸಂಜೆ 6ಕ್ಕೆ ನಮ್ಮ ಬೀದಿಯ ಸಮುದಾಯ ಭವನದಲ್ಲಿ ಪರದೆ ಕಟ್ಟುತ್ತೇವೆ. ಗಂಡಸರೂ ಬನ್ನಿ, ಮುಂದಿನ ಸಾಲಿನಲ್ಲೇ ಕೂರಿ. ಚಿತ್ರ ಮುಗಿದ ಕೂಡಲೇ ಎದ್ದು ಹೋಗಬೇಡಿ. ಮಾತು ಶುರುವಾಗುವುದೇ ಆಗ.

ಇಂಥ ಚಿತ್ರ ಮಾಡಲು ಕ್ಯಾಮೆರಾ ಹಿಡಿಯುವ ಮಕ್ಕಳೇ, ಕೇಳಿ:
• ನೊಂದಾಕೆ ಒಪ್ಪದೆ ಒಂದು ಚಿತ್ರವನ್ನೂ ತೆಗೆಯಬೇಡಿ. ಇವತ್ತು ಒಪ್ಪಿ ನಾಳೆ ಬೇಡವೆಂದರೆ ಅಳಿಸಿಬಿಡಿ.
• ಮುಖ ಮರೆಸಿದರೆ ಸಾಲದು. ಮಗುವಿನ ಯೂನಿಫಾರ್ಮ್, ಬೀದಿಯ ಬೋರ್ಡು ಕೂಡ ಗುರುತು ಹೇಳುತ್ತವೆ.
• ಎಡಿಟಿಂಗ್ ಮುಗಿದ ಮೇಲೆ ಮೊದಲು ಆಕೆಗೇ ತೋರಿಸಿ.
• ಹೊಡೆತದ ವಿಡಿಯೋ ವಾಟ್ಸಾಪಿಗೆ ಹಾಕಬೇಡಿ. ಮೊದಲು 112ಕ್ಕೆ ಫೋನ್ ಮಾಡಿ.

ನೆರೆಹೊರೆಯವರೇ, ಸದ್ದು ಕೇಳಿದರೆ ಬಾಗಿಲು ತಟ್ಟಿ. “ಸ್ವಲ್ಪ ಸಕ್ಕರೆ ಇದೆಯಾ?” ಎಂದು ಕೇಳಿದರೂ ಎತ್ತಿದ ಕೈ ಕೆಳಗಿಳಿಯಬಹುದು. ಮಹಿಳಾ ಸಹಾಯವಾಣಿ 181 ಇದೆ. 2005ರ ಕೌಟುಂಬಿಕ ಹಿಂಸೆ ತಡೆ ಕಾಯ್ದೆಯಂತೆ ಯಾರು ಬೇಕಾದರೂ ಹಿಂಸೆಯ ವಿಷಯವನ್ನು ಸಂರಕ್ಷಣಾಧಿಕಾರಿಗೆ ತಿಳಿಸಬಹುದು. ಸದುದ್ದೇಶದಿಂದ ತಿಳಿಸಿದವರನ್ನು ಕಾನೂನು ಕಾಯುತ್ತದೆ. ಗಂಡನೊಡನೆ ಬಾಳಿದ ಮನೆಯಲ್ಲಿ ವಾಸಿಸುವ ಹಕ್ಕು ನೊಂದಾಕೆಗೂ ಇದೆ.

ಮುಂದಿನ ಸಲ ಆಕೆ “ಜಾರಿ ಬಿದ್ದೆ” ಎಂದಾಗ, ಕೊಡ ಕೆಳಗಿಟ್ಟು ಕೇಳೋಣ: “ಏನಾಯ್ತು, ಹೇಳಮ್ಮ.”

ಇಂತಿ,
ನೊಂದವರು ಮತ್ತು ಅವರ ಜೊತೆ ನಿಂತವರು