ಸಣ್ಣ ವ್ಯಾಪಾರಿಗೆ ಸಾಲವೊಂದೇ ಸಾಲದು

ಪಟ್ಟಣದ ಸಣ್ಣ ವ್ಯಾಪಾರಿ ಏಕೆ ಬೆಳೆಯುವುದಿಲ್ಲ ಎಂದು ಕೇಳಿದರೆ ಎರಡು ಉತ್ತರ ಥಟ್ಟನೆ ಬರುತ್ತವೆ: ಒಂದೋ ಬಂಡವಾಳವಿಲ್ಲ, ಇಲ್ಲವೇ ಛಲವಿಲ್ಲ. ಎರಡನ್ನೂ ಅನುಮಾನಿಸಲು ಬೇಕಾದ ಪುರಾವೆ 1963ರಲ್ಲೇ ಸಿಕ್ಕಿತ್ತು. ಆ ವರ್ಷ ಪ್ರಕಟವಾದ ‘ಪೆಡ್ಲರ್ಸ್ ಅಂಡ್ ಪ್ರಿನ್ಸಸ್’ ಕೃತಿಯಲ್ಲಿ ಅಮೆರಿಕದ ಮಾನವಶಾಸ್ತ್ರಜ್ಞ ಕ್ಲಿಫರ್ಡ್ ಗೀರ್ಟ್ಜ್ ಇಂಡೊನೇಷ್ಯಾದ ಎರಡು ಪಟ್ಟಣಗಳನ್ನು ಪಕ್ಕಪಕ್ಕದಲ್ಲಿಟ್ಟು ನೋಡಿದರು. ಒಂದು ಪೂರ್ವ ಜಾವಾದ ಪಾರೆ, ಪುಸ್ತಕದಲ್ಲಿ ಅದಕ್ಕೆ ಮೊಜೊಕುತೊ ಎಂಬ ಮರೆಹೆಸರು. ಇನ್ನೊಂದು ಬಾಲಿಯ ತಬನಾನ್. 1950ರ ದಶಕದಲ್ಲಿ ಅವರು ಎರಡೂ ಕಡೆ ನೆಲೆಸಿ ಅಧ್ಯಯನ ನಡೆಸಿದ್ದರು.

ಜಾವಾದ ಪೇಟೆಯಲ್ಲಿ ದುಡಿಮೆಗೇನೂ ಕೊರತೆಯಿರಲಿಲ್ಲ. ಅಲ್ಲಿ ಮುಂದಿದ್ದ ಸುಧಾರಣಾವಾದಿ ಮುಸ್ಲಿಂ ವ್ಯಾಪಾರಿಗಳು ಮಿತವ್ಯಯಿಗಳು, ಲೆಕ್ಕದಲ್ಲಿ ಚುರುಕು. ಆದರೆ ಸರಕು ಚೂರುಚೂರಾಗಿ ಹತ್ತಾರು ಕೈ ದಾಟಿ ಗಿರಾಕಿಯನ್ನು ಮುಟ್ಟುತ್ತಿತ್ತು. ನಿಗದಿತ ಬೆಲೆಯಿಲ್ಲ, ಪ್ರತಿ ವಹಿವಾಟಿಗೂ ಹೊಸ ಚೌಕಾಸಿ. ಒಬ್ಬನ ಹಣ ಇನ್ನೊಬ್ಬನ ಉದ್ದರಿಯಲ್ಲಿ, ಅವನದು ಮತ್ತೊಬ್ಬನ ಬಾಕಿಯಲ್ಲಿ. ದೊಡ್ಡ ವ್ಯವಹಾರ ಕಂಡರೆ ನಾಲ್ಕಾರು ಮಂದಿ ಅದನ್ನು ಹಂಚಿಕೊಳ್ಳುತ್ತಿದ್ದರು, ಮುಳುಗಿದರೆ ಒಬ್ಬನೇ ಮುಳುಗಬಾರದೆಂದು. ಇದನ್ನು ದಡ್ಡತನವೆನ್ನುವವರು ಆ ಬದುಕಿನ ಅನಿಶ್ಚಿತತೆಯನ್ನು ಅರಿಯದವರು. ಒಬ್ಬೊಬ್ಬನಿಗೂ ಅದು ಜಾಣ ನಡೆ. ಆದರೆ ಎಲ್ಲರೂ ಹಾಗೆಯೇ ನಡೆದಾಗ, ಬಂಡವಾಳ ಒಂದೆಡೆ ಕೂಡಿ ಸಂಸ್ಥೆಯಾಗುವುದೇ ಇಲ್ಲ.

ತಬನಾನ್‌ನಲ್ಲಿ ಉದ್ಯಮ ಕಟ್ಟಿದವರು ಅಧಿಕಾರ ಕಳೆದುಕೊಂಡಿದ್ದ ಅರಸುಮನೆತನದವರು. ಹಳೆಯ ನಿಷ್ಠೆಯ ಬಲದಿಂದ ಅವರು ಜನರನ್ನೂ ಹಣವನ್ನೂ ಒಟ್ಟುಗೂಡಿಸಿ ಮಂಜುಗಡ್ಡೆ ಕಾರ್ಖಾನೆ, ಟಯರ್ ರೀಟ್ರೆಡಿಂಗ್ ಘಟಕ, ನೇಯ್ಗೆ ಕಾರ್ಖಾನೆ ತೆರೆದರು. ಅದೇ ನಿಷ್ಠೆ ಅವರ ಕೈಯನ್ನೂ ಕಟ್ಟಿತು: ಊರವರೆಂದು ಬೇಕಾದ್ದಕ್ಕಿಂತ ಹೆಚ್ಚು ಮಂದಿಗೆ ಕೆಲಸ ಕೊಡಬೇಕು, ಲಾಭ ಹಂಚಬೇಕು.

ಕೊರತೆಯಿರುವುದು ಸಂಘಟನೆಯದು ಎಂಬ ಸಿದ್ಧಾಂತವನ್ನು ಎರಡೇ ಪಟ್ಟಣಗಳಿಂದ ಕಟ್ಟಬಹುದೇ ಎಂಬ ಆಕ್ಷೇಪ ನ್ಯಾಯವಾದದ್ದು. ಅಲ್ಲದೆ, ಜಾವಾದಲ್ಲಿ ದೊಡ್ಡ ವ್ಯಾಪಾರ ಚೀನೀಯರ ಕೈಯಲ್ಲಿತ್ತು, ಸಕ್ಕರೆ ಉದ್ಯಮ ಡಚ್ಚರದಾಗಿತ್ತು. ಸ್ಥಳೀಯರಿಗೆ ಮೇಲಿನ ಮೆಟ್ಟಿಲುಗಳೇ ಮುಚ್ಚಿದ್ದವು. ಇದನ್ನು ಒಪ್ಪಲೇಬೇಕು. ಆದರೆ ಇದರಿಂದ ಸಂಘಟನೆಯ ಮಾತು ಬಿದ್ದುಹೋಗುವುದಿಲ್ಲ. ಅದು ತಾನಾಗಿ ಮೂಡದು, ಅದಕ್ಕೆ ಅವಕಾಶ ತೆರೆಯಬೇಕು ಎಂಬುದಷ್ಟೇ ಖಚಿತವಾಗುತ್ತದೆ. ಹಾಗಾದರೆ ಸಂಘಟನೆಗೆ ತಬನಾನ್‌ನಂತೆ ಅರಸೊತ್ತಿಗೆಯೇ ಬೇಕೇ? ಖಂಡಿತ ಬೇಡ. 1965–66ರಲ್ಲಿ ಬಾಲಿ, ಜಾವಾಗಳಲ್ಲಿ ನಡೆದ ಸಾಮೂಹಿಕ ಹತ್ಯೆಗಳನ್ನು ಬಲ್ಲ ಯಾರೂ ಅಲ್ಲಿನ ಹಳೆಯ ಸಮಾಜವನ್ನು ಸಾಮರಸ್ಯದ ಮಾದರಿಯೆನ್ನಲಾರರು. ಒಡೆಯನಿಗೆ ತಲೆಬಾಗಿ ಹುಟ್ಟಿದ ನಂಬಿಕೆಯ ಬದಲು, ಸಮಾನರ ನಡುವೆ ಕಾನೂನಿನ ಆಸರೆಯಲ್ಲಿ ಬೆಳೆದ ನಂಬಿಕೆ ಬೇಕು.

ನಮ್ಮ ನೀತಿ ತಪ್ಪುತ್ತಿರುವುದು ಇಲ್ಲಿಯೇ. 2020ರಲ್ಲಿ ಬಂದ ಪಿಎಂ ಸ್ವನಿಧಿ ಯೋಜನೆ ಬೀದಿ ವ್ಯಾಪಾರಿಗೆ ಮೊದಲ ಕಂತಾಗಿ 10,000 ರೂಪಾಯಿವರೆಗೆ ಸಾಲ ಕೊಟ್ಟಿತು. ಸಂಕಟದ ಹೊತ್ತಿನಲ್ಲಿ ಅದು ಆಸರೆಯಾಯಿತು, ಆದರೆ ವ್ಯಾಪಾರಿಯನ್ನು ಒಂಟಿಯಾಗಿಯೇ ಉಳಿಸಿತು. 2014ರ ಬೀದಿ ವ್ಯಾಪಾರಿಗಳ ಕಾಯ್ದೆಯಂತೆ ಪಟ್ಟಣ ಮಾರಾಟ ಸಮಿತಿಯಲ್ಲಿ ಕನಿಷ್ಠ ಶೇ 40ರಷ್ಟು ಸದಸ್ಯರು ವ್ಯಾಪಾರಿಗಳ ಪ್ರತಿನಿಧಿಗಳಾಗಿರಬೇಕು. ಈ ಸಮಿತಿಗಳು ಜಾಗ ಗುರುತಿಸಿ, ಗುರುತಿನ ಚೀಟಿ ಕೊಟ್ಟು ಸುಮ್ಮನಾಗಬಾರದು. ವ್ಯಾಪಾರಿಗಳು ಒಟ್ಟಾಗಿ ಸಗಟು ಖರೀದಿಸುವ, ಸರಕು ಕೆಡದಂತೆ ಕೂಡಿ ಇಡುವ, ಗುಂಪಿನ ಹೆಸರಿನಲ್ಲಿ ಸಾಲ ಪಡೆಯುವ ವ್ಯವಸ್ಥೆ ಅಲ್ಲಿಂದಲೇ ಶುರುವಾಗಬೇಕು; ಪುರಸಭೆಗಳು ಅದಕ್ಕೆ ಬಜೆಟ್‌ನಲ್ಲಿ ಹಣ ಇಡಬೇಕು.